ಧ್ವನಿಸುರುಳಿಯಲ್ಲಿ ಅಂಕಿತ: ಕಾಶಿಯ ಬಿರಹಾ ಮತ್ತು ಹಿಪ್‌ಹಾಪ್‌ನ ಮಿಕ್ಸ್‌ಟೇಪ್

ಕಾವ್ಯವು ಬಾಯಿಂದ ಬಾಯಿಗೆ ಹರಿಯುತ್ತದೆ, ಇಲ್ಲವೆ ಓಲೆಯಿಂದ ಓಲೆಗೆ, ಪುಸ್ತಕದಿಂದ ಪುಸ್ತಕಕ್ಕೆ ಇಳಿಯುತ್ತದೆ. ನಮ್ಮ ಗ್ರಂಥಸಂಪಾದನಶಾಸ್ತ್ರವು ಬಲ್ಲದ್ದು ಈ ಎರಡೇ ದಾರಿಗಳನ್ನು. ಮೂರನೆಯ ದಾರಿಯೊಂದು ಕಳೆದ ಶತಮಾನದ ಉತ್ತರಾರ್ಧದಲ್ಲಿ ತೆರೆದುಕೊಂಡು, ಮೂರು ದಶಕಗಳಿಗೂ ಮಿಕ್ಕು ಹಾಡುಗಬ್ಬದ ಬಹುದೊಡ್ಡ ಭಾಗವನ್ನು ಹೊತ್ತು ಸಾಗಿ, ಈಗ ಬಹುಮಟ್ಟಿಗೆ ಮುಚ್ಚಿಹೋಗಿದೆ. ಅದು ಕ್ಯಾಸೆಟ್ಟಿನ ದಾರಿ. ಕನ್ನಡ ಪತ್ರಿಕೆಗಳು ‘ಧ್ವನಿಸುರುಳಿ’ ಎಂಬ ಸೊಗಸಾದ ಹೆಸರು ಕೊಟ್ಟು ಕರೆದದ್ದು. ಫಿಲಿಪ್ಸ್ ಸಂಸ್ಥೆಯು 1963ರಲ್ಲಿ ಹೊರತಂದ ಈ ಅಂಗೈಯಗಲದ ಪೆಟ್ಟಿಗೆಯು ಓಲೆಗರಿಯ ಹಾಗೆ ಪ್ರತಿ ತೆಗೆಯಲು ಬರುವಂಥದು, ಬಾಯಿಯ ಹಾಗೆ ದನಿಯುಳ್ಳದ್ದು. ಎರಡರ ಗುಣವೂ ಇದ್ದುದರಿಂದಲೇ ಅದು ಎರಡೂ ಶಾಸ್ತ್ರಗಳ ಕಣ್ತಪ್ಪಿಸಿಕೊಂಡಿತು. ಜಾನಪದದವರು ಅದನ್ನು ವ್ಯಾಪಾರದ ಸರಕೆಂದು ಬಿಟ್ಟರು. ಹಸ್ತಪ್ರತಿಗಳ ಸಂಪಾದಕರು ಅದನ್ನು ಪಠ್ಯವೆಂದೇ ಎಣಿಸಲಿಲ್ಲ.

ಪ್ರಸ್ತುತ ಲೇಖನವು ಒಂದೇ ಪ್ರಶ್ನೆಯನ್ನು ಹಿಡಿದು ಹೊರಟಿದೆ. ಹಾಡು ಧ್ವನಿಸುರುಳಿಗೆ ಇಳಿದಾಗ ಅದನ್ನು ಕಟ್ಟಿದವನ ಹೆಸರು ಏನಾಗುತ್ತದೆ? ಇದಕ್ಕಾಗಿ ನಾವು ಎರಡು ನೆಲೆಗಳನ್ನು ಎದುರುಬದುರು ಇರಿಸಿಕೊಂಡಿದ್ದೇವೆ. ಒಂದು, ನಾವಿರುವ ಈ ಕಾಶಿಯ ಬಿರಹಾ ಗಾಯನ; ಇನ್ನೊಂದು, ನ್ಯೂಯಾರ್ಕ್ ನಗರದ ಬ್ರಾಂಕ್ಸ್ ಮತ್ತು ಹಾರ್ಲೆಂ ಕೇರಿಗಳಲ್ಲಿ ಎಪ್ಪತ್ತರ ದಶಕದಲ್ಲಿ ಹುಟ್ಟಿದ ಹಿಪ್‌ಹಾಪ್. ಇವೆರಡರ ನಡುವೆ ಪ್ರಭಾವದ ಎಳೆ ಯಾವುದೂ ಇಲ್ಲ, ಹುಡುಕುವುದೂ ವ್ಯರ್ಥ. ಆದರೆ ಎರಡೂ ಪರರ ಮಟ್ಟುಗಳ ಮೇಲೆ ತಮ್ಮ ಮಾತನ್ನು ಹೂಡುವ, ಸಭೆಯಲ್ಲಿ ಎದುರಾಳಿಯನ್ನು ಮಾತಿನಿಂದ ಕೆಡಹುವ ಕಾವ್ಯಗಳು. ಎರಡೂ ಕ್ಯಾಸೆಟ್ಟಿನ ಮೇಲೇರಿ ಊರು ದಾಟಿದುವು. ಹೋಲಿಕೆಗೆ ಇಷ್ಟು ಆಧಾರ ಸಾಕೆಂದು ನಮ್ಮ ಭಾವನೆ.

ಬಿರಹಾ ಮೂಲತಃ ಅಹೀರರ, ಎಂದರೆ ಗೊಲ್ಲರ, ಕಿರುಹಾಡು. ದನ ಕಾಯುವಾಗ, ಮದುವೆಯ ದಿಬ್ಬಣದಲ್ಲಿ, ವಾದ್ಯದ ನೆರವಿಲ್ಲದೆ ಏರುದನಿಯಲ್ಲಿ ಎತ್ತಿ ಹಾಡುವ ಕೆಲವೇ ಸಾಲುಗಳ ಪದ. ಗ್ರಿಯರ್ಸನ್ 1886ರಲ್ಲಿ ಪ್ರಕಟಿಸಿದ ಭೋಜಪುರಿ ಹಾಡುಗಳ ಸಂಗ್ರಹದಲ್ಲಿ ಕಾಣುವುದು ಈ ರೂಪವೇ. ಅದನ್ನು ದೀರ್ಘವಾದ ಕಥನಗೀತವಾಗಿ ಬೆಳೆಸಿದ ಕೀರ್ತಿ ಗಾಜೀಪುರದ ಕಡೆಯಿಂದ ಕಾಶಿಗೆ ಬಂದು ನೆಲೆಸಿದ ಬಿಹಾರಿ ಲಾಲ್ ಯಾದವರಿಗೆ (1857–1926) ಸಲ್ಲುತ್ತದೆ. ಎರಡೂ ಕೈಗಳಲ್ಲಿ ಹಿಡಿದು ನುಡಿಸುವ ಕಬ್ಬಿಣದ ಕರತಾಳವನ್ನು ಬಿರಹಾಕ್ಕೆ ತಂದವರೂ ಅವರೇ ಎಂದು ಪರಂಪರೆ ಹೇಳುತ್ತದೆ. ಅವರ ಶಿಷ್ಯರಿಂದ ಅಖಾಡಗಳು ಕವಲೊಡೆದವು. ದೇವಾಲಯಗಳ ವಾರ್ಷಿಕ ಶೃಂಗಾರದ ರಾತ್ರಿಗಳಲ್ಲಿ ಎರಡು ಅಖಾಡಗಳು ಎದುರು ನಿಂತು ಬೆಳಗಿನವರೆಗೆ ಹಾಡುವ ‘ದಂಗಲ್’ ಈ ನಗರದ ಶ್ರಮಜೀವಿಗಳ ದೊಡ್ಡ ಸಾಹಿತ್ಯಸಭೆಯಾಯಿತು. ಹೀರಾಲಾಲ್ ಯಾದವ್ ಮತ್ತು ಬುಲ್ಲು ಯಾದವರ ಜೋಡಿಯ ಹೆಸರು ಹೇಳಿದರೆ ಪೂರ್ವಾಂಚಲದ ಹಿರಿಯರು ಇಂದಿಗೂ ಕಿವಿ ನಿಮಿರಿಸುತ್ತಾರೆ. ಹೀರಾಲಾಲರಿಗೆ ಪದ್ಮಶ್ರೀ ಬಂದದ್ದು 2019ರಲ್ಲಿ. ಅದೇ ವರ್ಷ ಅವರು ತೀರಿಕೊಂಡರು. ಸರ್ಕಾರದ ಕಿವಿಗೆ ಬಿರಹಾ ಮುಟ್ಟಲು ಅಷ್ಟು ಕಾಲ ಬೇಕಾಯಿತು.

ಕನ್ನಡದ ಓದುಗರು ಇಲ್ಲಿ ವಿಶೇಷವಾಗಿ ಗಮನಿಸಬೇಕಾದ್ದು ಬಿರಹಾದ ಕಟ್ಟಡವನ್ನು. ಅರ್ಧ ಗಂಟೆಗೂ ಮಿಕ್ಕು ನಡೆಯುವ ಒಂದು ಕಥನದಲ್ಲಿ ಒಂದೇ ಮಟ್ಟು ಇರುವುದಿಲ್ಲ. ಬಿರಹಾದ ಸ್ವಂತ ಧಾಟಿಯಲ್ಲಿ ಆರಂಭವಾಗಿ, ನಡುವೆ ಕಜರಿ, ಕವ್ವಾಲಿ, ಪೂರ್ಬಿ, ನೆನ್ನೆ ಮೊನ್ನೆ ತೆರೆಕಂಡ ಚಲನಚಿತ್ರದ ಹಾಡು, ಹೀಗೆ ಮಟ್ಟಿನಿಂದ ಮಟ್ಟಿಗೆ ಜಿಗಿಯುತ್ತ ಕಥೆ ಸಾಗುತ್ತದೆ. ಕೇಳುಗನಿಗೆ ಪ್ರತಿಯೊಂದು ಮಟ್ಟಿನ ಮೂಲವೂ ಗೊತ್ತು, ಗೊತ್ತಿರುವುದೇ ಸೊಗಸು. ಮಟ್ಟು ಪರರದು ಎಂಬುದರಲ್ಲಿ ಮುಚ್ಚುಮರೆಯಿಲ್ಲ. ಮಾತಾದರೋ ಅಖಾಡದ ಸ್ವತ್ತು. ಬರೆಯುವ ಕವಿ ಬೇರೆ, ಹಾಡುವವನು ಬೇರೆ ಆಗಿರುವುದು ಸಾಮಾನ್ಯ. ಒಂದು ಅಖಾಡದ ಕವಿ ಬರೆದದ್ದನ್ನು ಇನ್ನೊಂದು ಅಖಾಡದವನು ಹಾಡತಕ್ಕದ್ದಲ್ಲ. ಈ ಒಡೆತನವನ್ನು ಸಾರುವುದು ಹಾಡಿನ ಕೊನೆಯಲ್ಲಿ ಬರುವ ‘ಛಾಪ್’: ಆದಿಗುರುವಿನಿಂದ ಹಿಡಿದು ಕವಿಯವರೆಗೆ ಪರಂಪರೆಯ ಹೆಸರುಗಳನ್ನು ಪೋಣಿಸಿ ಹೇಳುವ ಸಾಲುಗಳು. ವಚನಗಳನ್ನು ಓದಿದವರಿಗೆ, ಕೀರ್ತನೆಗಳನ್ನು ಕೇಳಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಇದು ಅಂಕಿತ. ಆದರೆ ನಮ್ಮ ಅಂಕಿತ ಇಷ್ಟದೈವದ ಹೆಸರಿನ ಮರೆಯಲ್ಲಿ ನಿಂತ ಕರ್ತೃವಿನ ಗುರುತು. ಬಿರಹಾದ ಛಾಪು ನೇರವಾಗಿ ವಂಶಾವಳಿ.

ಎಂಬತ್ತರ ದಶಕದಲ್ಲಿ ಬಿರಹಾ ಕ್ಯಾಸೆಟ್ಟಿಗೆ ಬಂದಿತು. ಸಭೆಯಲ್ಲಿ ಕುಳಿತವರಿಗೆ ಮಾತ್ರ ಸಿಗುತ್ತಿದ್ದ ಹಾಡು ಚಹಾ ಅಂಗಡಿಯಲ್ಲಿ, ಟ್ರ್ಯಾಕ್ಟರಿನಲ್ಲಿ, ಮುಂಬಯಿ–ಕಲಕತ್ತೆಗಳಿಗೆ ದುಡಿಯಲು ಹೋದವನ ಖೋಲಿಯಲ್ಲಿ ಕೇಳತೊಡಗಿತು. ಈ ಲಾಭ ಸಣ್ಣದಲ್ಲ. ಆದರೆ ಅರುವತ್ತು ನಿಮಿಷದ ಕ್ಯಾಸೆಟ್ಟಿಗೆ ಮಗ್ಗುಲಿಗೆ ಮೂವತ್ತು ನಿಮಿಷ ಎಂಬ ಕಟ್ಟಳೆಯಿದೆ. ದಂಗಲಿನಲ್ಲಿ ಕೇಳುಗರು ತಲೆದೂಗಿದಷ್ಟೂ ಹಿಗ್ಗುವ ಹಾಡನ್ನು ಇಲ್ಲಿ ಹಿಗ್ಗಿಸುವಂತಿಲ್ಲ. ಎದುರಾಳಿಯೇ ಇಲ್ಲದಿರುವಾಗ ಉತ್ತರದ ಮಾತೂ ಇಲ್ಲ. ಹೊದಿಕೆಯ ಮೇಲೆ ಗಾಯಕನ ಚಿತ್ರವಿರುತ್ತದೆ. ಕವಿಯ ಹೆಸರು ಎಲ್ಲಾದರೂ ಉಳಿಯಬೇಕಾದರೆ ಅದು ಹಾಡಿನ ಒಳಗೆ, ಛಾಪಿನ ಸಾಲುಗಳಲ್ಲಿ. ಅಖಾಡದವರು ಹೊತ್ತಗೆಯಲ್ಲಿ ಕಾಪಾಡಿಕೊಂಡು ಬಂದಿದ್ದ ಮಾತು, ಸುರುಳಿಯನ್ನು ಕೊಂಡ ಯಾರಾದರೂ ತಿರುಗಿಸಿ ತಿರುಗಿಸಿ ಕಲಿಯಬಹುದಾದ ಮಾತಾಯಿತು. ಕಲಿತವನು ಛಾಪನ್ನೂ ಹಾಡುತ್ತಾನೆಯೆ, ಬಿಡುತ್ತಾನೆಯೆ, ತನ್ನದನ್ನು ತುರುಕುತ್ತಾನೆಯೆ? ಸಮಸ್ಯೆಯ ತಿರುಳಿರುವುದು ಇಲ್ಲಿ.

ಇದೇ ತಿರುಳು ಬ್ರಾಂಕ್ಸಿನಲ್ಲಿ ಇನ್ನೂ ಬೆತ್ತಲೆಯಾಗಿ ಕಾಣುತ್ತದೆ. 1973ರ ಆಗಸ್ಟ್ 11ರಂದು ಸೆಜ್ವಿಕ್ ಅವೆನ್ಯೂವಿನ 1520ನೆಯ ಸಂಖ್ಯೆಯ ಕಟ್ಟಡದಲ್ಲಿ, ಜಮೈಕದಿಂದ ಬಂದ ಕುಟುಂಬದ ಕೂಲ್ ಹರ್ಕ್ ಎಂಬ ತರುಣ ತನ್ನ ತಂಗಿ ಏರ್ಪಡಿಸಿದ್ದ ಕೂಟಕ್ಕೆ ಧ್ವನಿಮುದ್ರಿಕೆಗಳನ್ನು ನುಡಿಸಿದ್ದನ್ನು ಹಿಪ್‌ಹಾಪ್‌ನ ಹುಟ್ಟುದಿನವೆಂದು ಎಣಿಸುವ ರೂಢಿಯಿದೆ. ಹಾಡೊಂದರಲ್ಲಿ ಬರಿಯ ತಾಳವಾದ್ಯ ಉಳಿಯುವ ತುಣುಕನ್ನು ಒಂದೇ ಮುದ್ರಿಕೆಯ ಎರಡು ಪ್ರತಿಗಳಿಂದ ಮರಳಿ ಮರಳಿ ನುಡಿಸಿ ಕುಣಿಯುವವರಿಗೆ ಅಂಕಣ ಕಟ್ಟಿಕೊಡುವುದು ಅವನ ಉಪಾಯ. ಆ ತಾಳದ ಮೇಲೆ ಮಾತನ್ನು ಪ್ರಾಸಬದ್ಧವಾಗಿ ಹೂಡುವವರು ಬಂದದ್ದು ಅನಂತರ. ತಾನು ನುಡಿಸುವ ಮುದ್ರಿಕೆ ಯಾವುದೆಂದು ಎದುರಾಳಿಗಳಿಗೆ ತಿಳಿಯದಿರಲೆಂದು ಹರ್ಕ್ ಅದರ ಮೇಲಣ ಹೆಸರಿನ ಚೀಟಿಯನ್ನು ನೀರಿನಲ್ಲಿ ನೆನೆಸಿ ಕಿತ್ತುಬಿಡುತ್ತಿದ್ದ. ಬಿರಹಾದಲ್ಲಿ ಮಟ್ಟಿನ ಮೂಲ ಎಲ್ಲರಿಗೂ ಗೊತ್ತಿರಬೇಕು; ಇಲ್ಲಿ ಯಾರಿಗೂ ಗೊತ್ತಾಗಬಾರದು. ಮಟ್ಟಿನ ಹೆಸರನ್ನು ಅಳಿಸುವ ಇದೇ ಜನ ತಮ್ಮ ಹೆಸರನ್ನಾದರೋ ಪ್ರತಿ ನಾಲ್ಕು ಸಾಲಿಗೊಮ್ಮೆ ಘೋಷಿಸುತ್ತಾರೆ. ಗೋಡೆಗಳ ಮೇಲೆ, ರೈಲುಗಳ ಮೇಲೆ ಬಣ್ಣದಲ್ಲಿ ಬರೆಯುತ್ತಾರೆ.

1979ರವರೆಗೆ ಈ ಕಾವ್ಯಕ್ಕೆ ಅಂಗಡಿಯ ಮುದ್ರಿಕೆ ಎಂಬುದು ಇರಲಿಲ್ಲವೆಂದರೆ ಹೆಚ್ಚು ತಪ್ಪಾಗದು. ಇದ್ದದ್ದು ಕೂಟಗಳಲ್ಲಿ ಹಿಡಿದ ಸುರುಳಿಗಳು. ಅವು ಹೆಗಲ ಮೇಲೆ ಹೊರುವ ದೊಡ್ಡ ಕ್ಯಾಸೆಟ್ ಪೆಟ್ಟಿಗೆಗಳಲ್ಲಿ ಬೀದಿ ಸುತ್ತಿದುವು. ಬ್ರಾಂಕ್ಸಿನ ಬಾಡಿಗೆ ಕಾರುಗಳ ಚಾಲಕರು ಅವನ್ನು ಹಾಕಿಕೊಂಡು ಗಿರಾಕಿಗಳನ್ನು ಸೆಳೆದರು. ಗ್ರ್ಯಾಂಡ್‌ಮಾಸ್ಟರ್ ಫ್ಲ್ಯಾಷ್ ಬೇಕಾದವರ ಹೆಸರು ಸೇರಿಸಿ ಸುರುಳಿ ಸಿದ್ಧಮಾಡಿ ನಿಮಿಷಕ್ಕೊಂದು ಡಾಲರಿನಂತೆ ಮಾರಿದ್ದಾಗಿ ತಾನೇ ಹೇಳಿಕೊಂಡಿದ್ದಾನೆ. ಒಂದರಿಂದ ಇನ್ನೊಂದಕ್ಕೆ, ಅದರಿಂದ ಮತ್ತೊಂದಕ್ಕೆ ಪ್ರತಿ ತೆಗೆಯುತ್ತ ಹೋದಂತೆ ಉಸ್ಸೆಂಬ ಸದ್ದು ಹೆಚ್ಚಿ, ಮಾತು ಮಸುಕಾಗುತ್ತಿತ್ತು. ಯಾರ ಬಳಿ ಎಷ್ಟನೆಯ ಪ್ರತಿಯಿದೆ ಎಂಬುದು ಪ್ರತಿಷ್ಠೆಯ ವಿಷಯವಾಗಿತ್ತು. ಹಸ್ತಪ್ರತಿಗಳ ಪೀಳಿಗೆಗಳನ್ನು ಗುರುತಿಸಿ ವಂಶವೃಕ್ಷ ಬರೆಯುವವರಿಗೆ ಇದು ಪರಿಚಿತ ಲೋಕ. ಲಿಪಿಕಾರನ ಕೈದೋಷದ ಜಾಗದಲ್ಲಿ ಯಂತ್ರದ ಗೊರಗು, ಅಷ್ಟೆ. ಎರಡು ಯಂತ್ರಗಳನ್ನು ಜೋಡಿಸಿ, ತಡೆಗುಂಡಿಯನ್ನು ಒತ್ತಿ ಬಿಟ್ಟು, ಬೇಕಾದ ತುಣುಕನ್ನೇ ಮತ್ತೆ ಮತ್ತೆ ಹಿಡಿದು ಹೊಸ ಹಾಡು ಕಟ್ಟಿದ ಬಡ ಹುಡುಗರೂ ಇದ್ದರು. ಪ್ರತಿಕಾರನು ಕರ್ತೃವಾಗುವ ಘಟ್ಟ ಇದು.

ಈಗ ಅಂಕಿತದ ಮಾತಿಗೆ ಬರೋಣ. 1979ರಲ್ಲಿ ನ್ಯೂಜರ್ಸಿಯ ಶುಗರ್‌ಹಿಲ್ ಸಂಸ್ಥೆ ಹೊರತಂದ ‘ರ್‍ಯಾಪರ್ಸ್ ಡಿಲೈಟ್’ ಈ ಕಾವ್ಯವನ್ನು ಲೋಕಕ್ಕೆ ಪರಿಚಯಿಸಿತು. ಅದರಲ್ಲಿ ಹಾಡಿದ ಮೂವರಲ್ಲಿ ಒಬ್ಬನಾದ ಬಿಗ್ ಬ್ಯಾಂಕ್ ಹ್ಯಾಂಕ್ ಪಿಜ್ಜಾ ಅಂಗಡಿಯಲ್ಲಿ ಕೆಲಸ ಮಾಡುತ್ತ, ಬ್ರಾಂಕ್ಸಿನ ಗ್ರ್ಯಾಂಡ್‌ಮಾಸ್ಟರ್ ಕ್ಯಾಸ್ ಎಂಬಾತನ ಸುರುಳಿಯನ್ನು ಹಾಕಿಕೊಂಡು ದನಿಗೂಡಿಸುತ್ತಿದ್ದ. ಸಂಸ್ಥೆಯವರು ಅವನನ್ನು ಕಂಡುಹಿಡಿದದ್ದು ಅಲ್ಲಿ. ಮುದ್ರಣಕ್ಕೆ ಕರೆ ಬಂದಾಗ ಅವನು ಕ್ಯಾಸ್‌ನ ಪದಗಳನ್ನೇ ಹಾಡಿದ. ಎಷ್ಟರ ಮಟ್ಟಿಗೆಂದರೆ, ಕ್ಯಾಸ್ ತನ್ನ ಹಳೆಯ ಹೆಸರಾದ ‘ಕ್ಯಾಸನೋವ ಫ್ಲೈ’ ಎಂಬುದನ್ನು ಅಕ್ಷರ ಅಕ್ಷರವಾಗಿ ಬಿಡಿಸಿ ಹೇಳಿಕೊಂಡಿದ್ದ ಸಾಲೂ ಹಾಗೆಯೇ ಹ್ಯಾಂಕ್‌ನ ಬಾಯಿಂದ ಹೊರಟಿತು. ಕದ್ದ ಕಾವ್ಯದ ಒಡಲಲ್ಲಿ ಕಳೆದುಕೊಂಡವನ ಅಂಕಿತ! ಹಸ್ತಪ್ರತಿಯೊಂದರಲ್ಲಿ ಇಂಥದು ದೊರೆತರೆ ಕರ್ತೃತ್ವನಿರ್ಣಯಕ್ಕೆ ಬೇರೆ ಸಾಕ್ಷಿ ಕೇಳುವ ಸಂಪಾದಕನಿಲ್ಲ. ಆದರೂ ಕ್ಯಾಸ್‌ಗೆ ಆ ಹಾಡಿನಲ್ಲಿ ಹೆಸರೂ ದೊರೆಯಲಿಲ್ಲ, ಹಣವೂ ದೊರೆಯಲಿಲ್ಲ. ಇದೇ ಹಾಡಿನ ಮಟ್ಟು ಶೀಕ್ ತಂಡದ ‘ಗುಡ್ ಟೈಮ್ಸ್’ ಎಂಬ ಗೀತೆಯದು. ಅದರ ಕರ್ತೃಗಳಾದ ಬರ್ನಾರ್ಡ್ ಎಡ್ವರ್ಡ್ಸ್ ಮತ್ತು ನೈಲ್ ರಾಜರ್ಸ್ ಆಕ್ಷೇಪವೆತ್ತಿದಾಗ ಅವರ ಹೆಸರು ಸೇರಿತು. ಮಟ್ಟಿನ ಒಡೆಯರಿಗೆ ದಾಖಲೆಯಿತ್ತು. ಮಾತಿನ ಒಡೆಯನಿಗೆ ಇದ್ದದ್ದು ಒಂದು ಕ್ಯಾಸೆಟ್ಟು. ಕಾನೂನಿನ ಕಣ್ಣಿಗೆ ಅದು ಪಠ್ಯವಾಗಿ ಕಾಣಲಿಲ್ಲ. ವಿಮರ್ಶೆಯ ಕಣ್ಣಿಗೂ ಬಹುಕಾಲ ಕಾಣಲಿಲ್ಲವೆಂಬುದು ನಮ್ಮ ದೂರು.

ಸುರುಳಿಯು ಕಸಿದುಕೊಂಡದ್ದನ್ನು ಹೇಳಿದ ಮೇಲೆ ಕೊಟ್ಟದ್ದನ್ನೂ ಹೇಳಬೇಕು. 1981ರ ಜುಲೈ 3ರಂದು ಹಾರ್ಲೆಂ ವರ್ಲ್ಡ್ ಎಂಬ ಸಭಾಂಗಣದಲ್ಲಿ ಕ್ಯಾಸ್‌ನ ಕೋಲ್ಡ್ ಕ್ರಷ್ ಬ್ರದರ್ಸ್ ತಂಡಕ್ಕೂ ಫೆಂಟಾಸ್ಟಿಕ್ ಫೈವ್ ತಂಡಕ್ಕೂ ಸಾವಿರ ಡಾಲರು ಪಣದ ಸ್ಪರ್ಧೆ ನಡೆಯಿತು. ಸಭೆಯ ಚಪ್ಪಾಳೆ ಫೆಂಟಾಸ್ಟಿಕ್ ತಂಡದ ಪಾಲಾಯಿತು. ಅವರ ಉಡುಪು, ಕುಣಿತ, ರೂಪ ಅಲ್ಲಿದ್ದವರನ್ನು ಗೆದ್ದುವು. ಆದರೆ ಆ ರಾತ್ರಿಯ ಧ್ವನಿಸುರುಳಿ ನಗರದಾಚೆಗೆ ಹಬ್ಬಿತು. ಉಡುಪನ್ನು ಕಾಣದೆ ಮಾತನ್ನಷ್ಟೇ ಕೇಳಿದವರು ಗೆದ್ದದ್ದು ಕೋಲ್ಡ್ ಕ್ರಷ್ ಎಂದು ತೀರ್ಪಿತ್ತರು. ನಲವತ್ತು ವರ್ಷಗಳ ಮೇಲೂ ಈ ವ್ಯಾಜ್ಯ ಮುಗಿದಿಲ್ಲ. ಕಂಡು ಕೇಳಿದ್ದಕ್ಕೂ ಬರಿದೆ ಕೇಳಿದ್ದಕ್ಕೂ ಎರಡು ತೀರ್ಪುಗಳು ಇರುವುದಾದರೆ, ದೂರದ ಕೇಳುಗನು ಸಭಾಸದನಿಗಿಂತ ಹತ್ತಿರವಿರುವುದು ಓದುಗನಿಗೆ. ಸುರುಳಿಯು ಪ್ರದರ್ಶನವನ್ನು ಸಾಹಿತ್ಯವಾಗಿಸಿತು ಎಂಬ ಮಾತಿಗೆ ಇದಕ್ಕಿಂತ ಒಳ್ಳೆಯ ನಿದರ್ಶನ ನಮಗೆ ತಿಳಿಯದು.

ಎಂಬತ್ತರ ದಶಕ ಸಾಗಿದಂತೆ ‘ಮಿಕ್ಸ್‌ಟೇಪ್’ ಎಂಬುದು ಕೂಟದ ದಾಖಲೆಯಾಗಿ ಉಳಿಯದೆ, ಡಿಜೆಯು ಹಲವರ ಹಾಡುಗಳನ್ನು ಆಯ್ದು, ಕೂಡಿಸಿ, ನಡುನಡುವೆ ತನ್ನ ದನಿಯಲ್ಲಿ ಹೆಸರು ಕೂಗಿ ಕಟ್ಟಿದ ಕೃತಿಯಾಯಿತು. ಬ್ರೂಸಿ ಬಿ, ಕಿಡ್ ಕಾಪ್ರಿ ಮುಂತಾದವರ ಖ್ಯಾತಿ ಈ ಕೌಶಲದ್ದು. ಇದನ್ನು ಸಂಗ್ರಹವೆಂದು ಕರೆದು ಕೈತೊಳೆದುಕೊಳ್ಳುವವರಿಗೆ ನಮ್ಮ ಶೂನ್ಯಸಂಪಾದನೆಗಳನ್ನು ನೆನಪಿಸಬೇಕಾಗುತ್ತದೆ. ಹನ್ನೆರಡನೆಯ ಶತಮಾನದ ಶರಣರು ಬೇರೆ ಬೇರೆ ಹೊತ್ತಿನಲ್ಲಿ ನುಡಿದ ವಚನಗಳನ್ನು ಶಿವಗಣಪ್ರಸಾದಿ ಮಹಾದೇವಯ್ಯ ಹದಿನೈದನೆಯ ಶತಮಾನದಲ್ಲಿ ಎದುರುಬದುರು ನಿಲ್ಲಿಸಿ, ನಡುವೆ ಗದ್ಯದ ಕೊಂಡಿ ಹಾಕಿ, ಅಲ್ಲಮನನ್ನು ನಡುವಿಟ್ಟು ಮಹಾಸಂವಾದವೊಂದನ್ನು ನಿರ್ಮಿಸಿದ. ಅನಂತರದ ಮೂವರು ಅದನ್ನೇ ಬೇರೆ ಬೇರೆಯಾಗಿ ಕಟ್ಟಿದರು. ಅಲ್ಲಿ ಒಂದು ವಚನಕ್ಕೆ ಇನ್ನೊಂದು ಉತ್ತರವಾಗಿ ಹೊಳೆಯುವುದು ವಚನಕಾರನ ಉದ್ದೇಶದಿಂದಲ್ಲ, ಸಂಪಾದಕನ ಜೋಡಣೆಯಿಂದ. ಗಳಿಕೆಗೂ ಪರಿಷ್ಕರಣಕ್ಕೂ ಕನ್ನಡವು ‘ಸಂಪಾದನೆ’ ಎಂಬ ಒಂದೇ ಮಾತನ್ನು ಇಟ್ಟುಕೊಂಡಿರುವುದು ಇಲ್ಲಿ ಅರ್ಥಪೂರ್ಣವಾಗಿದೆ. ಆದರೆ ಇಷ್ಟೊಂದು ಸ್ವಾತಂತ್ರ್ಯ ವಹಿಸಿದ ಸಂಪಾದಕರೂ ಒಂದನ್ನು ಮುಟ್ಟಲಿಲ್ಲ: ಪ್ರತಿ ವಚನವೂ ತನ್ನ ಅಂಕಿತದೊಡನೆಯೇ ಬರುತ್ತದೆ. ನಾಲ್ಕು ಶತಮಾನಗಳ ತರುವಾಯ ವಚನಕಾರರನ್ನು ಒಬ್ಬೊಬ್ಬರಾಗಿ ಬೇರ್ಪಡಿಸಿ ಪ್ರಕಟಿಸಲು ಫ. ಗು. ಹಳಕಟ್ಟಿಯವರಂಥವರಿಗೆ ಸಾಧ್ಯವಾಗುವುದಕ್ಕೆ ಅಂಕಿತಗಳೇ ಆಸರೆ. ಬಸವಣ್ಣನವರ ಅಂಕಿತವನ್ನು ಬದಲಿಸಿ ಅಚ್ಚುಹಾಕಿದ ‘ವಚನ ದೀಪ್ತಿ’ಯನ್ನು ಕರ್ನಾಟಕ ಸರ್ಕಾರ 1998ರಲ್ಲಿ ಮುಟ್ಟುಗೋಲು ಹಾಕಿ, ಸರ್ವೋಚ್ಚ ನ್ಯಾಯಾಲಯ 2017ರಲ್ಲಿ ಅದನ್ನು ಎತ್ತಿಹಿಡಿದದ್ದು ಓದುಗರಿಗೆ ನೆನಪಿರಬಹುದು. ಮುಟ್ಟುಗೋಲು ಸರಿಯೆ ತಪ್ಪೆ ಎಂಬುದು ಬೇರೆ ಚರ್ಚೆ. ಅಂಕಿತದ ಒಂದು ಶಬ್ದಕ್ಕಾಗಿ ನಮ್ಮ ಜನ ಎರಡು ದಶಕ ಹೋರಾಡಬಲ್ಲರು ಎಂಬುದಷ್ಟೇ ಇಲ್ಲಿ ಪ್ರಸ್ತುತ.

ಉತ್ತರ ಭಾರತದ ಕ್ಯಾಸೆಟ್ಟುಗಳನ್ನು ಕುರಿತು ಪೀಟರ್ ಮ್ಯಾನುಯೆಲ್ ಬರೆದ ‘ಕ್ಯಾಸೆಟ್ ಕಲ್ಚರ್’ (1993) ಈ ಕ್ಷೇತ್ರದ ಆಕರಗ್ರಂಥ. ಬಿರಹಾದ ಏಳಿಗೆಯನ್ನು ಕುರಿತ ಸ್ಕಾಟ್ ಮಾರ್ಕಸ್ ಅವರ ಅಧ್ಯಯನವೂ ಅಷ್ಟೇ ಮುಖ್ಯವಾದುದು. ಎಚ್.ಎಂ.ವಿ. ಒಂದರ ಕೈಯಲ್ಲಿದ್ದ ಧ್ವನಿಮುದ್ರಣವನ್ನು ಕ್ಯಾಸೆಟ್ಟು ನೂರಾರು ಸಣ್ಣ ತಯಾರಕರಿಗೆ ಹಂಚಿ, ಪ್ರಾದೇಶಿಕ ಸಂಗೀತಕ್ಕೆ ದನಿ ಕೊಟ್ಟಿತೆಂಬ ಮ್ಯಾನುಯೆಲ್‌ರ ವಾದವನ್ನು ನಾವು ಒಪ್ಪುತ್ತೇವೆ. ಕೀಳು ಅಭಿರುಚಿಯ ಹಾಡೂ ಕೋಮುದ್ವೇಷದ ಭಾಷಣವೂ ಇದೇ ದಾರಿಯಲ್ಲಿ ಬಂದುದನ್ನು ಅವರು ಮರೆಮಾಚಿಲ್ಲ. ಆದರೆ ಅವರ ಪ್ರಶ್ನೆ, ತಯಾರಿಸುವ ಹಕ್ಕು ಯಾರ ಕೈಗೆ ಬಂದಿತು ಎಂಬುದು. ಹೆಸರು ಯಾರದು ಉಳಿಯಿತು ಎಂಬುದು ಅವರ ವಾದದ ನಡುಮನೆಗೆ ಬರುವುದಿಲ್ಲ. ಸಣ್ಣ ತಯಾರಕನೂ ಕವಿಯ ಪಾಲಿಗೆ ತಯಾರಕನೇ. ಎಚ್.ಎಂ.ವಿ.ಯ ಏಕಸ್ವಾಮ್ಯ ಮುರಿದ ಮಾತ್ರಕ್ಕೆ ಅಖಾಡದ ಕವಿಯ ಹೆಸರು ಹೊದಿಕೆಯ ಮೇಲೆ ಏರುವುದಿಲ್ಲ. ಪ್ರಜಾಸತ್ತೆಯ ಲೆಕ್ಕವನ್ನು ಅಂಗಡಿಗಳ ಸಂಖ್ಯೆಯಲ್ಲಿ ಮಾಡಿದರೆ ಕ್ಯಾಸ್‌ನಂಥವನು ಆ ಲೆಕ್ಕದಲ್ಲಿ ಬರುವುದೇ ಇಲ್ಲ.

ಕನ್ನಡದಲ್ಲಿ ಈ ತಾರತಮ್ಯ ಸ್ಪಷ್ಟವಾಗಿಯೇ ಇದೆ. ನಿಸಾರ್ ಅಹಮದರ ಗೀತೆಗಳ ‘ನಿತ್ಯೋತ್ಸವ’ ಧ್ವನಿಸುರುಳಿ ಮೈಸೂರು ಅನಂತಸ್ವಾಮಿಯವರ ಸಂಯೋಜನೆಯಲ್ಲಿ 1978ರಲ್ಲಿ ಬಂದಾಗ ಕವಿಯ ಹೆಸರೇ ಅದರ ಆಕರ್ಷಣೆಯಾಗಿತ್ತು. ಭಾವಗೀತೆಯ ಕ್ಯಾಸೆಟ್ಟುಗಳು ಕವಿಯನ್ನು ಮನೆಮನೆಗೆ ಒಯ್ದುವು. ಆ ಕವಿ ಮುದ್ರಣದಲ್ಲಿ ಮೊದಲೇ ಹೆಸರು ಪಡೆದವನು. ಯಕ್ಷಗಾನದಲ್ಲಿ ಗುಂಡ್ಮಿ ಕಾಳಿಂಗ ನಾವಡರು 1990ರಲ್ಲಿ ಅಪಘಾತದಲ್ಲಿ ಅಕಾಲ ಮರಣಕ್ಕೆ ಈಡಾದ ಮೇಲೂ ಅವರ ಭಾಗವತಿಕೆ ಸುರುಳಿಗಳಲ್ಲಿ ಕರಾವಳಿಯ ಮನೆಗಳನ್ನು ಆಳಿತು. ‘ನಾಗಶ್ರೀ’ಯಂಥ ಪ್ರಸಂಗವನ್ನು ಬರೆದವರೂ ಅವರೇ ಆದುದರಿಂದ ಅಲ್ಲಿ ಹಾಡಿದವನಿಗೂ ಕಟ್ಟಿದವನಿಗೂ ವ್ಯಾಜ್ಯವಿಲ್ಲ. ಬಿರಹಾಕ್ಕೆ ನಿಜವಾದ ಜೊತೆ ನಮ್ಮ ಲಾವಣಿ ಮತ್ತು ಗೀಗೀ ಪದಗಳು. ಗಂಡು ಹೆಚ್ಚೆಂಬ ಹರದೇಶಿಯವರು, ಹೆಣ್ಣು ಹೆಚ್ಚೆಂಬ ನಾಗೇಶಿಯವರು ರಾತ್ರಿಯಿಡೀ ಸವಾಲು ಜವಾಬು ನಡೆಸುವ ಈ ಸಂಪ್ರದಾಯ ಕಲ್ಗಿ–ತುರಾ ಎಂಬ ಹೆಸರಿನಲ್ಲಿ ಮಹಾರಾಷ್ಟ್ರದಲ್ಲೂ ಹಿಂದಿ ಪ್ರದೇಶದಲ್ಲೂ ಹಬ್ಬಿದ್ದು. ಕಾಶಿಯ ಕೇಳುಗರಿಗೂ ಅಪರಿಚಿತವಲ್ಲ. ಕೊನೆಯ ನುಡಿಯಲ್ಲಿ ಊರು, ಗುರು, ಕವಿ ಮೂವರನ್ನೂ ಹೇಳುವುದು ಅದರ ನಿಯಮ. ಹಲಸಂಗಿಯ ಗೆಳೆಯರು ಲಾವಣಿಗಳನ್ನು ಅಚ್ಚಿಗೆ ತಂದುದರಿಂದ ಖಾಜಾಭಾಯಿಯಂಥ ಕವಿಯ ಹೆಸರು ನಮಗೆ ಉಳಿದಿದೆ. ಅಚ್ಚಿಗೆ ಬಾರದೆ ನೇರವಾಗಿ ಕ್ಯಾಸೆಟ್ಟಿಗೆ ಹೋದ ಗೀಗೀ ಪದಗಳ ಕವಿಗಳಿಗೆ ಇರುವ ಆಸರೆ ಆ ಕೊನೆಯ ನುಡಿಯೊಂದೇ. ಮಗ್ಗುಲು ಮುಗಿಯುತ್ತದೆಂದು ಅವಸರಿಸಿದ ಧ್ವನಿಮುದ್ರಕನು ಮೊದಲು ಕತ್ತರಿಸಬಹುದಾದದ್ದೂ ಅದೇ.

ಆದಕಾರಣ ಸುರುಳಿಗಳ ವರ್ಣನಾತ್ಮಕ ಸೂಚಿಯನ್ನು ಸಿದ್ಧಪಡಿಸುವುದಾದರೆ ಹೊದಿಕೆಯ ಬರಹವನ್ನು ನಕಲು ಮಾಡಿ ಮುಗಿಸಲಾಗದು. ಕಾರ್ನೆಲ್ ವಿಶ್ವವಿದ್ಯಾಲಯವು 2007ರಲ್ಲಿ ಹಿಪ್‌ಹಾಪ್ ಸಂಗ್ರಹವನ್ನು ಸ್ಥಾಪಿಸಿ, ಕೂಟಗಳ ಧ್ವನಿಸುರುಳಿಗಳನ್ನೂ ಗೋಡೆಗೆ ಅಂಟಿಸುತ್ತಿದ್ದ ಪ್ರಕಟಣಪತ್ರಗಳನ್ನೂ ಗ್ರಂಥಗಳ ಗೌರವದಿಂದಲೇ ಕಾಪಿಟ್ಟಿದೆ. ನಮ್ಮಲ್ಲಿ ಪ್ರತಿ ಮಗ್ಗುಲಿನ ಆದ್ಯಂತಗಳನ್ನು ಕೇಳಿ ಬರೆದುಕೊಳ್ಳಬೇಕು. ಅಂಕಿತದ ನುಡಿ ಇದೆಯೆ, ಅರ್ಧಕ್ಕೆ ನಿಂತಿದೆಯೆ, ಬೇರೊಬ್ಬರ ಹೆಸರಿಗೆ ತಿರುಗಿದೆಯೆ ಎಂಬುದನ್ನು ಗುರುತಿಸಬೇಕು. ಒಂದೇ ಪದದ ಎರಡು ಸುರುಳಿಗಳು ದೊರೆತರೆ ಪಾಠಾಂತರಗಳನ್ನು ಹಸ್ತಪ್ರತಿಗೆ ಮಾಡುವಷ್ಟೇ ನಿಷ್ಠೆಯಿಂದ ದಾಖಲಿಸಬೇಕು. ಈ ಕೆಲಸಕ್ಕೆ ಹೊರನಾಡಿನ ಸಂಶೋಧಕರಿಗೆ ಒಳನಾಡಿನವರಿಗಿಂತ ಅನುಕೂಲ ಹೆಚ್ಚು. ಸೊಲ್ಲಾಪುರ, ಅಕ್ಕಲಕೋಟೆ, ಜತ್ತದ ಸೀಮೆಯಲ್ಲಿ ಲಾವಣಿ ಕನ್ನಡಕ್ಕೂ ಮರಾಠಿಗೂ ಒಗ್ಗಿದ್ದು. ಒಂದೇ ಮೇಳದವರು ಎರಡೂ ಭಾಷೆಗಳಲ್ಲಿ ಅಂಕಿತವನ್ನು ಹೇಗೆ ಇಡುತ್ತಾರೆಂಬುದನ್ನು ಅಲ್ಲಿ ಪರೀಕ್ಷಿಸಬಹುದು. ಕಾಂತಪಟ್ಟಿಗೆ ತೇವ ತಗುಲಿದರೆ ಬೂಷ್ಟು ಹಿಡಿಯುತ್ತದೆ, ನುಡಿಸುವ ಯಂತ್ರಗಳು ಗುಜರಿಗೆ ಹೋಗಿವೆ. ಮೇಳದ ಹಿರಿಯರ ಮನೆಗಳಿಂದ ಆರಂಭಿಸುವುದು ಒಳ್ಳೆಯದು.